ಗುಂಡಿನ ಸದ್ದು ನಿಂತ ಮೇಲೆ

ಸೇನಾ ನೆಲೆಗಳ ಮೇಲಿನ ಉಗ್ರರ ದಾಳಿಗಳ ಬಗ್ಗೆ ಓದುಗರು ಕೇಳಿದ ಪ್ರಶ್ನೆಗಳಿಗೆ, ಭೂಸೇನೆಯ ಎಂಜಿನಿಯರ್ ವಿಭಾಗದಿಂದ ನಿವೃತ್ತರಾಗಿ ಬೆಂಗಳೂರಿನಲ್ಲಿ ನೆಲೆಸಿರುವ ಅಧಿಕಾರಿಯ ಉತ್ತರ.

ಪ್ರಶ್ನೆ: 2016ರ ಜನವರಿಯಲ್ಲಿ ಬಿಇಎಲ್ ಮೈದಾನದಲ್ಲಿ ಲೆಫ್ಟಿನೆಂಟ್ ಕರ್ನಲ್ ನಿರಂಜನ್ ಅವರ ಅಂತಿಮ ದರ್ಶನಕ್ಕೆ ಆರು ವರ್ಷದ ಮಗನನ್ನು ಹೆಗಲ ಮೇಲೆ ಕೂರಿಸಿಕೊಂಡು ಹೋಗಿದ್ದೆ. ಅವನೀಗ ಪಿಯುಸಿ ವಯಸ್ಸಿಗೆ ಬಂದಿದ್ದಾನೆ. ‘ಉಗ್ರ ಸತ್ತುಬಿದ್ದ ಮೇಲೆ ಇವರು ಯಾಕಪ್ಪಾ ಸತ್ತರು? ಬಾಂಬ್ ಇರುತ್ತೆ ಅಂತ ಗೊತ್ತಿರಲಿಲ್ವಾ?’ ಅಂತ ಕೇಳುತ್ತಾನೆ. ಏನು ಹೇಳಲಿ? – ಓದುಗರು, ವಿದ್ಯಾರಣ್ಯಪುರ

ಉತ್ತರ: ಇರಬಹುದು ಅಂತ ಚೆನ್ನಾಗಿಯೇ ಗೊತ್ತಿತ್ತು ಅಂತ ಹೇಳಿ. ಗೊತ್ತಿದ್ದೂ ಹತ್ತಿರ ಹೋಗುವುದೇ ಬಾಂಬ್ ನಿಷ್ಕ್ರಿಯ ದಳದ ಕೆಲಸ.

ಪಂಜಾಬಿನ ಪಠಾಣ್‌ಕೋಟ್ ವಾಯುನೆಲೆಗೆ ಉಗ್ರರು ನುಗ್ಗಿದ್ದು ಜನವರಿ 2ರ ನಸುಕಿನಲ್ಲಿ. ನಿರಂಜನ್ ರಾಷ್ಟ್ರೀಯ ಭದ್ರತಾ ಪಡೆಯ (ಎನ್‌ಎಸ್‌ಜಿ) ಬಾಂಬ್ ನಿಷ್ಕ್ರಿಯ ತಂಡದೊಂದಿಗೆ ಅಲ್ಲಿದ್ದರು. ಮಾರನೇ ದಿನ ಒಬ್ಬ ಉಗ್ರನ ಹೆಣವನ್ನು ತೆರವು ಮಾಡುತ್ತಿದ್ದಾಗ ಗ್ರೆನೇಡ್ ಸಿಡಿಯಿತು. ಅವರು ತೀರಿಕೊಂಡರು, ತಂಡದ ಇತರರೂ ಗಾಯಗೊಂಡರು.

ಹೆಣವನ್ನು ಹಾಗೇ ಬಿಟ್ಟುಬಿಡಬಹುದಿತ್ತಲ್ಲ ಅನ್ನಿಸುವುದು ಸಹಜ. ಬಿಡಲಾಗದು. ಸತ್ತವನ ಜೇಬಿನ ಫೋನು, ಕಾಲಿನ ಬೂಟು, ಬೆನ್ನಚೀಲದಲ್ಲಿನ ಔಷಧಿಯ ಚೀಟಿ, ಇವೇ ಅವನು ಯಾರು, ಎಲ್ಲಿಂದ ಬಂದ, ಕಳಿಸಿದವರಾರು ಅನ್ನುವುದಕ್ಕೆ ಸಾಕ್ಷಿ. ರಾಷ್ಟ್ರೀಯ ತನಿಖಾ ಸಂಸ್ಥೆ (ಎನ್‌ಐಎ) 2016ರ ಡಿಸೆಂಬರ್‌ನಲ್ಲಿ ಜೈಶ್-ಎ-ಮೊಹಮ್ಮದ್‌ನ ಮಸೂದ್ ಅಜರ್ ಮತ್ತಿತರರ ಮೇಲೆ ಆರೋಪಪಟ್ಟಿ ಹಾಕಿತು. ಅಂಥ ಪ್ರಕರಣ ಕಟ್ಟಲು ನೆಲದ ಮೇಲಿನ ಒಂದೊಂದು ವಸ್ತುವೂ ಬೇಕು. ಅದಕ್ಕಿಂತ ಮುಖ್ಯ, ಆ ನೆಲೆಯೊಳಗೆ ಸಂಸಾರಗಳಿವೆ. ಸಿಡಿಯದ ಗ್ರೆನೇಡ್ ಪೊದೆಯಲ್ಲಿ ಉಳಿದರೆ ನಾಳೆ ಅಲ್ಲಿಗೆ ಚೆಂಡು ಹುಡುಕಲು ಹೋಗುವುದು ಮಗು.

ಹೆಣವನ್ನು ದೂರದಿಂದ ಹಗ್ಗ ಕಟ್ಟಿ ಎಳೆಯುವುದುಂಟು, ರೋಬೋಟ್ ಬಿಡುವುದೂ ಉಂಟು. ಆದರೆ ಹಗ್ಗದ ಕೊಕ್ಕೆ ಸಿಕ್ಕಿಸಲು ಒಬ್ಬರು ಮೊದಲು ಹೋಗಲೇಬೇಕು. ನಾನು ಆ ನಡಿಗೆ ನಡೆದಿದ್ದೇನೆ. ಇಪ್ಪತ್ತು ಹೆಜ್ಜೆಯ ದೂರ. ಬಾಂಬ್ ರಕ್ಷಣೆಯ ಸೂಟಿನೊಳಗೆ ನಮ್ಮ ಉಸಿರೇ ನಮಗೆ ಕೇಳಿಸುತ್ತದೆ, ಮುಖಗವಸಿಗೆ ಹಬೆ ಹತ್ತುತ್ತದೆ, ಕಣ್ಣು ಆ ಕೈಬೆರಳುಗಳ ಕೆಳಗೆ ಏನಿದೆ ಅಂತಲೇ ಹುಡುಕುತ್ತಿರುತ್ತದೆ. ಯಾವ ಪರಿಣತಿಯೂ ಅಪಾಯವನ್ನು ಸೊನ್ನೆಗೆ ಇಳಿಸುವುದಿಲ್ಲ. ನಿರಂಜನ್ ತಪ್ಪು ಮಾಡಿದರು ಅಂತ ಟಿವಿ ಮುಂದೆ ಕೂತು ತೀರ್ಪು ಕೊಟ್ಟವರನ್ನು ಕಂಡು ಆಗ ನನಗೆ ಸಂಕಟವಾಗಿತ್ತು. ಈಗಲೂ ಆಗುತ್ತದೆ. ನಿಮ್ಮ ಮಗ ಕೇಳಿದ್ದು ಒಳ್ಳೆಯ ಪ್ರಶ್ನೆ, ಅವನನ್ನು ಗದರಬೇಡಿ.

ಪ್ರಶ್ನೆ: ಬೆರಳೆಣಿಕೆಯಷ್ಟು ಉಗ್ರರಿಗಾಗಿ ಪಠಾಣ್‌ಕೋಟ್‌ನಲ್ಲಿ ಅಷ್ಟು ದಿನ ಬೇಕಾಯಿತೇ? – ಓದುಗರು, ಬಸವನಗುಡಿ

ಉತ್ತರ: ಆ ನೆಲೆಯ ವಿಸ್ತಾರ ಸುಮಾರು 2,000 ಎಕರೆ. ಲಾಲ್‌ಬಾಗ್ 240 ಎಕರೆ ಅಂದರೆ ಅಳತೆ ಸಿಗುತ್ತದೆ. ಅದರ ಎಂಟು ಪಟ್ಟಿಗೂ ಹೆಚ್ಚು ಜಾಗ, ಆಳೆತ್ತರದ ಹುಲ್ಲು, ಕಟ್ಟಡಗಳು, ಸಂಸಾರಗಳು. ಎಲ್ಲ ಮುಗಿಯಿತು ಅಂತ 2ರ ಸಂಜೆಯೇ ದೆಹಲಿಯಿಂದ ಪ್ರಕಟಣೆ ಬಂತು, ಮರುದಿನ ಮತ್ತೆ ಗುಂಡಿನ ಸದ್ದು ಕೇಳಿತು. ಆ ಆತುರ ತಪ್ಪು. ನಿಧಾನವಾಗಿದ್ದು ತಪ್ಪಲ್ಲ.

ಪ್ರಶ್ನೆ: ಮಗಳ ಗಂಡ ಸೇನೆಯಲ್ಲಿದ್ದಾರೆ. ಈಗ ಜಮ್ಮು ಕಡೆ ಪೋಸ್ಟಿಂಗ್. ಮಗಳು, ಎಂಟು ತಿಂಗಳ ಮೊಮ್ಮಗು ಕ್ವಾರ್ಟರ್ಸ್‌ನಲ್ಲಿದ್ದಾರೆ. ನಗ್ರೋಟಾ ನೆನಪಾದರೆ ನಿದ್ದೆ ಬರಲ್ಲ. ಕರೆಸಿಕೊಳ್ಳಲೇ? – ಒಬ್ಬ ತಾಯಿ, ಸಹಕಾರನಗರ

ಉತ್ತರ: ಅಮ್ಮಾ, ನಿಮ್ಮ ಭಯ ಸುಳ್ಳಲ್ಲ. 2016ರ ನವೆಂಬರ್ 29ರಂದು ಪೊಲೀಸ್ ಸಮವಸ್ತ್ರ ತೊಟ್ಟು ಬಂದ ಉಗ್ರರು ಜಮ್ಮು ಬಳಿಯ ನಗ್ರೋಟಾ ಸೇನಾ ನೆಲೆಯಲ್ಲಿ ನುಗ್ಗಿದ್ದು ಸಂಸಾರಗಳಿದ್ದ ಕಡೆಗೇ. ಇಬ್ಬರು ಅಧಿಕಾರಿಗಳು, ಐವರು ಸೈನಿಕರು ಪ್ರಾಣ ಕೊಟ್ಟರು. ಅವರಲ್ಲಿ ಒಬ್ಬರು ನಮ್ಮ ಬೆಂಗಳೂರಿನ ಮೇಜರ್ ಅಕ್ಷಯ್ ಗಿರೀಶ್. ಒಳಗೆ ಸಿಕ್ಕಿಕೊಂಡಿದ್ದ ಹೆಂಗಸರು, ಇಬ್ಬರು ಎಳೆಯ ಮಕ್ಕಳು ಜೀವಂತ ಹೊರಬಂದರು. ಅದರಲ್ಲಿ ಆ ಹೆಂಗಸರ ಪಾಲೂ ಇದೆ. ಇಬ್ಬರು ಅಧಿಕಾರಿಗಳ ಪತ್ನಿಯರು ಮನೆಯ ಸಾಮಾನುಗಳನ್ನೇ ಬಾಗಿಲಿಗೆ ಅಡ್ಡ ಒಟ್ಟಿ ಉಗ್ರರು ಒಳಗೆ ಬಾರದಂತೆ ತಡೆದರು.

ಕರೆಸಿಕೊಳ್ಳಬೇಕೋ ಬೇಡವೋ ಅನ್ನುವುದು ಮಗಳು, ಅಳಿಯ ಕೂತು ನಿರ್ಧರಿಸುವ ಮಾತು. ನನ್ನನ್ನು ಕೇಳಿದರೆ, ಅಪಾಯ ಇದ್ದಾಗ ಯೂನಿಟ್ಟೇ ಸಂಸಾರಗಳನ್ನು ಕಳಿಸುತ್ತದೆ, ಅಲ್ಲಿಯವರೆಗೆ ಇರಲಿ. ನೀವು ಮಾಡಬಹುದಾದದ್ದೂ ಇದೆ. ಸೈರನ್ ಕೂಗಿದರೆ ಯಾವ ಕೋಣೆಗೆ ಹೋಗಬೇಕು, ಯಾವ ಬೀರು ಅಡ್ಡ ತಳ್ಳಬೇಕು, ದೀಪ ಆರಿಸಿ ಫೋನ್ ಸೈಲೆಂಟ್‌ಗೆ ಹಾಕಿದ್ದೀಯಾ ಅಂತ ಮಗಳನ್ನು ಕೇಳಿ. ಮಗುವಿನ ಹಾಲಿನ ಪುಡಿ, ನೀರು ಆ ಕೋಣೆಯಲ್ಲೇ ಇರಲಿ. ಪಠಾಣ್‌ಕೋಟ್, ಕಾಶ್ಮೀರದ ಉರಿ, ನಗ್ರೋಟಾ ಮೂರೂ ದಾಳಿ ನಡೆದದ್ದು ಬೆಳಗಿನ ಜಾವ, ಹೆಚ್ಚಿನವರು ಹಾಸಿಗೆಯಲ್ಲಿದ್ದಾಗ. ಅಂಥ ಸುದ್ದಿ ಬಂದ ದಿನ ನೀವು ಅವಳಿಗೆ ಫೋನ್ ಮಾಡಬೇಡಿ. ಇದು ಕಷ್ಟ ಅಂತ ಬಲ್ಲೆ. ಆದರೆ ಕತ್ತಲ ಕೋಣೆಯಲ್ಲಿ ರಿಂಗ್ ಆಗುವ ಫೋನು ಅಲ್ಲಿರುವವರನ್ನು ತೋರಿಸಿಕೊಟ್ಟುಬಿಡುತ್ತದೆ. ಅವಳೇ ಮಾಡುವವರೆಗೆ ಕಾಯಿರಿ.

ಪ್ರಶ್ನೆ: ನಮ್ಮ ಬಡಾವಣೆ ಸೇನಾ ಕಾಂಪೌಂಡಿಗೆ ಅಂಟಿಕೊಂಡಿದೆ. ಮೊದಲು ಒಳಗಿಂದ ಹಾದು ಹೋಗುತ್ತಿದ್ದೆವು. ಪಠಾಣ್‌ಕೋಟ್ ಆದಮೇಲೆ ಗೇಟಿನಲ್ಲಿ ದಿನಾ ತಡೆದು ಗುರುತಿನ ಚೀಟಿ ಕೇಳುತ್ತಾರೆ. ನಾವೇನು ಉಗ್ರರೇ? – ಓದುಗರು, ಜಾಲಹಳ್ಳಿ

ಉತ್ತರ: ಅಲ್ಲ ಸಾರ್. ನಿಮ್ಮ ಬೇಸರ ಅರ್ಥವಾಗುತ್ತದೆ. ಪಠಾಣ್‌ಕೋಟ್ ಆದಮೇಲೆ ಲೆಫ್ಟಿನೆಂಟ್ ಜನರಲ್ ಫಿಲಿಪ್ ಕಂಪೋಸ್ ಸಮಿತಿ ದೇಶದ ಸೇನಾ ನೆಲೆಗಳ ಭದ್ರತೆಯನ್ನು ಪರಿಶೀಲಿಸಿ, 2016ರ ಮೇ ತಿಂಗಳಲ್ಲಿ ವರದಿ ಕೊಟ್ಟಿತು. ಗೇಟುಗಳಲ್ಲಿ ಬಿಗಿ ಹೆಚ್ಚಿದ್ದು ಆ ಕಾಲದಿಂದ. ವಯಸ್ಸಾದವರಿಗೆ, ಆಸ್ಪತ್ರೆಗೆ ಹೋಗುವವರಿಗೆ ಪಾಸ್ ವ್ಯವಸ್ಥೆ ಬೇಕು ಅನ್ನುವ ಬೇಡಿಕೆ ನ್ಯಾಯವಾದದ್ದು. ಅದನ್ನು ನಿವಾಸಿಗಳ ಸಂಘದಿಂದ ಸೇನೆಯ ಸ್ಟೇಷನ್ ಹೆಡ್‌ಕ್ವಾರ್ಟರ್ಸ್‌ಗೆ ಬರೆದು ಕೊಡಿ.

ಗೇಟಿನಲ್ಲಿ ಮಾತ್ರ ಜಗಳ ಬೇಡ. ಅಲ್ಲಿ ನಿಲ್ಲುವವರು ಬಹುಪಾಲು ಡಿಎಸ್‌ಸಿಯವರು (ಡಿಫೆನ್ಸ್ ಸೆಕ್ಯುರಿಟಿ ಕೋರ್), ಅಂದರೆ ಸೇನೆಯಿಂದ ನಿವೃತ್ತರಾಗಿ ಕಾವಲಿಗೆ ಮತ್ತೆ ಸೇರಿದವರು. ಕೆಲವರಿಗೆ ತಲೆ ನೆರೆತಿರುತ್ತದೆ. ಪಠಾಣ್‌ಕೋಟ್‌ನಲ್ಲಿ ಪ್ರಾಣ ಕೊಟ್ಟ ಏಳು ಮಂದಿಯಲ್ಲಿ ಐವರು ಡಿಎಸ್‌ಸಿಯವರೇ. ಉಗ್ರರು ಬಂದಾಗ ಅವರಲ್ಲಿ ಕೆಲವರು ಅಡುಗೆಮನೆಯ ಹತ್ತಿರ ಇದ್ದರು, ಕೈಯಲ್ಲಿ ಬಂದೂಕು ಇರಲಿಲ್ಲ. ಜಗದೀಶ್ ಚಂದ್ ಬರಿಗೈಲಿ ಒಬ್ಬ ಉಗ್ರನ ಬೆನ್ನಟ್ಟಿ, ಅವನದೇ ಬಂದೂಕು ಕಿತ್ತುಕೊಂಡು ಅವನನ್ನು ಕೊಂದು, ಆಮೇಲೆ ಇತರರ ಗುಂಡಿಗೆ ಬಲಿಯಾದರು. ಅವರಿಗೆ ಮರಣೋತ್ತರ ಕೀರ್ತಿ ಚಕ್ರ ಸಂದಿತು. ನಾಳೆ ಬೆಳಗ್ಗೆ ನಿಮ್ಮ ಚೀಟಿ ಕೇಳುವವರು ಅದೇ ಪಡೆಯವರು, ಸಾರ್. ಚೀಟಿ ತೋರಿಸಿ.