ಆ ಶಿಖರ ಎಲ್ಲಿದೆ?

ಪ್ರಶ್ನೆ: ನಮ್ಮ ಪರಿಚಿತರ ಕಾಫಿ ತೋಟದ ಬಂಗಲೆಯ ಗೋಡೆಯ ಮೇಲೆ ಹಳೆಯ ಮುದ್ರಿತ ಚಿತ್ರವೊಂದಿದೆ. ಹಿಮ ಹೊದ್ದ ಶಿಖರ, ಅದರ ಬುಡದಲ್ಲಿ ಬಿಸಿಲು ಬಿದ್ದ ಜಲಪಾತ, ಈಚೆ ದಡದಲ್ಲಿ ಗುಡಾರ ಹಾಕಿಕೊಂಡ ಜನ. ಅಡಿಯಲ್ಲಿ ‘ಬೀರ್‌ಸ್ಟಾಟ್, 1863’ ಎಂದಿದೆ. ಇವರು ಯಾರು? ಇಂಥ ಜಾಗ ನಿಜಕ್ಕೂ ಇದೆಯೇ?
– ಓದುಗರೊಬ್ಬರು, ಸೋಮವಾರಪೇಟೆ

ಉತ್ತರ: ನೀವು ವರ್ಣಿಸಿರುವುದು ಆಲ್ಬರ್ಟ್ ಬೀರ್‌ಸ್ಟಾಟ್ ಅವರ ‘ದಿ ರಾಕಿ ಮೌಂಟನ್ಸ್, ಲ್ಯಾಂಡರ್ಸ್ ಪೀಕ್’ ಚಿತ್ರವನ್ನು. ಮೂಲ ಕೃತಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಮ್ಯೂಸಿಯಂನಲ್ಲಿದೆ. ಅಗಲವೇ ಮೂರು ಮೀಟರಿಗಿಂತ ಹೆಚ್ಚು, ಎಂದರೆ ಬಂಗಲೆಯ ಗೋಡೆಯ ಪ್ರತಿಯಿಂದ ಅದರ ಗಾತ್ರವನ್ನು ಊಹಿಸಲಾಗದು. 1865ರಲ್ಲಿ ಅದು 25,000 ಡಾಲರಿಗೆ ಮಾರಾಟವಾಯಿತು.

ಬೀರ್‌ಸ್ಟಾಟ್ 1830ರಲ್ಲಿ ಪ್ರಷ್ಯಾದ (ಇಂದಿನ ಜರ್ಮನಿಯ) ಜೊಲಿಂಗೆನ್ನಿನಲ್ಲಿ ಹುಟ್ಟಿ, ಎರಡು ವರ್ಷದ ಮಗುವಾಗಿದ್ದಾಗಲೇ ಮನೆಯವರೊಂದಿಗೆ ಅಮೆರಿಕದ ನ್ಯೂ ಬೆಡ್‌ಫರ್ಡಿಗೆ ಬಂದರು. ಚಿತ್ರಕಲೆಯ ಅಭ್ಯಾಸಕ್ಕಾಗಿ 1853ರಲ್ಲಿ ಮತ್ತೆ ಜರ್ಮನಿಯ ಡುಸೆಲ್‌ಡಾರ್ಫಿಗೆ ಹೋದರು. 1859ರಲ್ಲಿ, ಪಶ್ಚಿಮಕ್ಕೆ ಬಂಡಿ ದಾರಿ ಮಾಡಲು ಹೊರಟಿದ್ದ ಫ್ರೆಡರಿಕ್ ಲ್ಯಾಂಡರ್ ಅವರ ತಂಡದ ಜೊತೆಗೂಡಿ ರಾಕಿ ಪರ್ವತಗಳನ್ನು ಕಂಡರು. ಲ್ಯಾಂಡರ್ 1862ರಲ್ಲಿ, ಅಂತರ್ಯುದ್ಧದ ನಡುವೆ ತೀರಿಕೊಂಡರು. ಚಿತ್ರದ ಶಿಖರಕ್ಕೆ ಆ ಹೆಸರು ಬಂದದ್ದು ಅವರ ನೆನಪಿಗೆ.

ಇನ್ನು ನಿಮ್ಮ ಎರಡನೆಯ ಪ್ರಶ್ನೆ. ಗುಡಾರಗಳಲ್ಲಿರುವ, ಅಮೆರಿಕದ ಮೂಲನಿವಾಸಿಗಳಾದ ಶೊಶೋನಿ ಜನರನ್ನೂ ಅವರ ಉಡುಗೆಯನ್ನೂ ಬೀರ್‌ಸ್ಟಾಟ್ ಕಣ್ಣಾರೆ ನೋಡಿ ಗುರುತು ಹಾಕಿಕೊಂಡಿದ್ದರು. ಬಂಡೆ, ಮರಗಳನ್ನು ಬರೆಯುವುದರಲ್ಲಿಯೂ ಅವರದು ಎಚ್ಚರದ ಕೈ. ಆದರೆ ಇಡೀ ನೋಟವನ್ನು ಅವರು ಒಂದೆಡೆ ನಿಂತು ಬರೆದದ್ದಲ್ಲ, ಪ್ರವಾಸದಲ್ಲಿ ಮಾಡಿಕೊಂಡ ರೇಖಾಚಿತ್ರಗಳನ್ನು ನ್ಯೂಯಾರ್ಕಿನ ಚಿತ್ರಶಾಲೆಯಲ್ಲಿ ಹರವಿಕೊಂಡು ಜೋಡಿಸಿದ್ದು. ಮಡಿಕೇರಿಯ ರಾಜಾಸೀಟಿನ ಮಂಜು, ಅಬ್ಬಿಯ ನೀರು, ತಡಿಯಂಡಮೋಳ್ ಬೆಟ್ಟ ಮೂರನ್ನೂ ಒಂದೇ ಚೌಕಟ್ಟಿನಲ್ಲಿ ಕೂರಿಸಿದಂತೆ. ಇದನ್ನು ಮೋಸವೆನ್ನಲು ನನಗೆ ಮನಸ್ಸು ಬಾರದು, ಆದರೂ ಆ ನಾಟಕೀಯ ಬೆಳಕು ಕೆಲವೊಮ್ಮೆ ಅತಿಯಾಯಿತು ಎನ್ನಿಸುವುದುಂಟು.

ಕಾಲ ಬದಲಾದಾಗ ಅವರ ಬೃಹತ್ ಚಿತ್ರಗಳು ಹಳೆಯ ಶೈಲಿಯವೆನಿಸಿದವು. ‘ದಿ ಲಾಸ್ಟ್ ಆಫ್ ದಿ ಬಫೆಲೊ’ ಕೃತಿಯನ್ನು 1889ರ ಪ್ಯಾರಿಸ್ ಪ್ರದರ್ಶನಕ್ಕೆ ಅಮೆರಿಕದ ಆಯ್ಕೆ ಸಮಿತಿಯೇ ಒಪ್ಪಲಿಲ್ಲ. 1895ರಲ್ಲಿ ದಿವಾಳಿಯಾಗಿ, 1902ರಲ್ಲಿ ನ್ಯೂಯಾರ್ಕಿನಲ್ಲಿ ನಿಧನರಾದರು.

ಚಿತ್ರದಲ್ಲಿರುವಂತೆಯೇ ಇರುವ ನೋಟ ನಿಮಗೆ ಎಲ್ಲಿಯೂ ಸಿಗದು. ಆದರೆ ಬೀರ್‌ಸ್ಟಾಟ್ ಹೆಸರಿನ ಶಿಖರವೊಂದು ಕೊಲೊರಾಡೊದಲ್ಲಿದೆ. ಎತ್ತರ ನಮ್ಮ ತಡಿಯಂಡಮೋಳಿನ ಸುಮಾರು ಎರಡೂವರೆ ಪಟ್ಟು.