ಅಭಿಮನ್ಯುವಿನ ಮೊಣಕಾಲು

ಬೆಂಗಳೂರಿನ ವಿಜಯನಗರದಿಂದ ಸಹೋದರಿಯೊಬ್ಬರು ನಾಲ್ಕು ಪುಟಗಳ ಪತ್ರ ಬರೆದಿದ್ದಾರೆ. ಕುಂದಾಪುರದ ಕಡೆಯವರಾದ, ಬ್ಯಾಂಕ್ ಅಧಿಕಾರಿಯಾಗಿರುವ 52 ವರ್ಷದ ಅವರ ಪತಿ ಎಂಟು ತಿಂಗಳಿಂದ ಯಕ್ಷಗಾನದ ಉತ್ತರದ ಶೈಲಿಯಾದ ಬಡಗುತಿಟ್ಟಿನ ಕುಣಿತ ಕಲಿಯುತ್ತಿದ್ದಾರೆ. ಹಾಲು ಕಾಯಿಸಲು ನಿಂತವರು ಒಲೆಯ ಮುಂದೆಯೇ ‘ತಿತ್ತಿತೈ’ ಎಂದು ಹೆಜ್ಜೆ ಹಾಕುತ್ತಾರೆ. ಹಾಲು ಉಕ್ಕಿ ಹರಿದರೂ ಹೆಜ್ಜೆ ನಿಲ್ಲುವುದಿಲ್ಲ. ಲಿಫ್ಟಿನಲ್ಲಿ ಬಾಯಿತಾಳ, ಬೀಗರ ಗೃಹಪ್ರವೇಶದಲ್ಲಿ ಊಟದ ಪಂಕ್ತಿಗಳ ನಡುವೆ ಗಿರಕಿ. ಕೆಳಮನೆಯವರು ಎರಡು ಸಲ ಬಂದು ಬಾಗಿಲು ತಟ್ಟಿದ್ದಾರೆ. ‘ನಾಲ್ಕು ಜನರ ಮುಂದೆ ತಲೆಯೆತ್ತಿ ಓಡಾಡುವುದು ಹೇಗೆ?’ ಎಂದು ಈ ಸಹೋದರಿ ಕೇಳಿದ್ದಾರೆ.

ತಾಯಿ, ನಾಲ್ಕು ಜನರ ಮಾತು ಹಾಗಿರಲಿ. ಕೊನೆಯ ಪುಟದಲ್ಲಿ ನೀವು ಬರೆದು ಮುಂದೆ ಸಾಗಿದ ಸಾಲೊಂದಿದೆ: ‘ಬಲ ಮೊಣಕಾಲು ಮೂರು ವಾರದಿಂದ ಊದಿಕೊಂಡಿದೆ, ರಾತ್ರಿ ಎಣ್ಣೆ ತಿಕ್ಕಿಕೊಳ್ಳುತ್ತಾರೆ.’ ಇಡೀ ಪತ್ರದಲ್ಲಿ ನನಗೆ ಗಾಬರಿ ಹುಟ್ಟಿಸಿದ್ದು ಇದೊಂದೇ. ಯಕ್ಷಗಾನದ ಮಂಡಿ ಕುಣಿತವೆಂದರೆ ನೆಲಕ್ಕೆ ಮೊಣಕಾಲೂರಿ ಗಿರ್ರನೆ ಸುತ್ತುವುದು. ಮೈಭಾರವೆಲ್ಲ ಮೊಣಕಾಲ ಚಿಪ್ಪಿನ ಮೇಲೆ ಬೀಳುತ್ತದೆ. ಚಿಪ್ಪಿನ ಮುಂದೆ ದ್ರವದ ಸಣ್ಣ ಚೀಲವೊಂದಿದ್ದು, ಮತ್ತೆ ಮತ್ತೆ ಮೊಣಕಾಲೂರಿದರೆ ಅದು ಊದಿಕೊಳ್ಳುವುದುಂಟು. ಒಳಗೆ ಬೇರೆ ಪೆಟ್ಟಾಗಿದೆಯೋ ಎಂಬುದನ್ನು ವೈದ್ಯರೇ ನೋಡಿ ಹೇಳಬೇಕು, ಎಣ್ಣೆ ಹೇಳಲಾರದು.

ನಿಮ್ಮ ಯಜಮಾನರ ಮೇಲೆ ನನಗೆ ಕೋಪವಿಲ್ಲ. ಕೊಯ್ಲಾದ ಗದ್ದೆಯಲ್ಲಿ ರಾತ್ರಿಯಿಡೀ ಯಕ್ಷಗಾನದ ಆಟ ನೋಡಿ ಬೆಳೆದವರು ಮೂವತ್ತು ವರ್ಷ ಲೆಕ್ಕಪತ್ರದ ನಡುವೆ ಅದುಮಿಟ್ಟುಕೊಂಡ ಆಸೆ ಅದು. ತಪ್ಪು ನಿಮ್ಮ ತಮ್ಮನದು. ಬಡಾವಣೆಯ ಗಣೇಶೋತ್ಸವಕ್ಕೆ ಎಂಟು ತಿಂಗಳ ವಿದ್ಯಾರ್ಥಿಯ ತಲೆಗೆ ಅಭಿಮನ್ಯುವಿನ ವೇಷ ಕಟ್ಟಿ, ‘ಮಂಡಿ ಹಾಕದಿದ್ದರೆ ಚಪ್ಪಾಳೆ ಬೀಳುವುದಿಲ್ಲ, ಭಾವ’ ಎಂದು ದಿನಕ್ಕೊಂದು ವಿಡಿಯೊ ಕಳುಹಿಸುತ್ತಿರುವವರು ಅವರೇ ತಾನೇ? ಗುರುವಿನ ಕಣ್ಣೆದುರು ಕಲಿಯದ ವಿದ್ಯೆ ಮೈಗೆ ಹತ್ತುವುದಿಲ್ಲವೆಂದು ಈ ಅಂಕಣದಲ್ಲಿ ಎಷ್ಟೋ ಸಲ ಬರೆದಿದ್ದೇನೆ. ಉಡುಪಿಯಲ್ಲಿ 1971ರಲ್ಲಿ ಆರಂಭವಾದ ಯಕ್ಷಗಾನ ಕೇಂದ್ರದಲ್ಲಿ ಎಳೆಯ ಮೈಯ ಹುಡುಗರೇ ಗುರುಗಳ ಜೊತೆಗಿದ್ದು ಕಲಿಯುತ್ತಾರೆ. ಐವತ್ತು ದಾಟಿದ ಮೈಗೆ ಫೋನಿನ ಪರದೆ ಸಾಕೇ?

ಮಾಡಬೇಕಾದದ್ದು ಒಂದೇ: ಶನಿವಾರದ ತರಗತಿಗೆ ಮೊದಲು ಅವರನ್ನು ಮೂಳೆ ವೈದ್ಯರ ಬಳಿಗೆ ನೀವೇ ಕರೆದುಕೊಂಡು ಹೋಗಿ. ಕುಣಿತ ಬಿಡಿಸಲು ಹೊರಟಿದ್ದೀರೆಂದು ಅವರು ಹಟ ಹಿಡಿಯಬಹುದು. ಅಭಿಮನ್ಯುವಿನ ಕಥೆಯ ಅದೇ ಪ್ರಸಂಗದಲ್ಲಿ ಧರ್ಮರಾಯನ ಪಾತ್ರವೂ ಇದೆ, ಅದಕ್ಕೆ ಮಂಡಿ ಬೇಕಿಲ್ಲ, ಗಂಭೀರವಾದ ಅರ್ಥಗಾರಿಕೆ, ಅಂದರೆ ಮಾತುಗಾರಿಕೆ, ಬೇಕು ಎಂದು ನೆನಪಿಸಿ.