ಕ್ಲಚ್ ಪೆಡಲ್ ಕೆಳಗೇ ಕೂತರೆ: ಓದುಗರ ಪ್ರಶ್ನೆ, ನಮ್ಮ ಉತ್ತರ

ಮಳೆಗಾಲ ಕಳೆಯುತ್ತಿದ್ದಂತೆ ಕ್ಲಚ್ ಬಗ್ಗೆ ಪತ್ರಗಳು ಹೆಚ್ಚು ಬಂದಿವೆ. ಬಹುಪಾಲು ಪತ್ರಗಳ ಬೇರು ಒಂದೇ, ಪೆಡಲ್ ಒತ್ತಿದಾಗ ಬ್ರೇಕ್ ಆಯಿಲನ್ನು ಪೈಪಿನೊಳಗೆ ತಳ್ಳುವ ಕ್ಲಚ್ ಮಾಸ್ಟರ್ ಸಿಲಿಂಡರ್. ಮುಂಬೈ, ಪುಣೆಯ ಗ್ಯಾರೇಜುಗಳಲ್ಲಿ ಇದನ್ನು ‘ಅಪ್ಪರ್’ ಎಂದೂ ಆ ಆಯಿಲಿನ ಒತ್ತಡದಿಂದ ಕ್ಲಚ್ ಬಿಡಿಸುವ, ಗೇರ್‌ಬಾಕ್ಸ್ ಪಕ್ಕದ ಸ್ಲೇವ್ ಸಿಲಿಂಡರನ್ನು ‘ಲೋವರ್’ ಎಂದೂ ಕರೆಯುತ್ತಾರೆ. ಹಾಗಾಗಿ ಈ ಸಲದ ಅಂಕಣವನ್ನು ಇದೊಂದಕ್ಕೇ ಮೀಸಲಿಟ್ಟಿದ್ದೇವೆ.

ಪ್ರಶ್ನೆ: ಸಿಗ್ನಲ್‌ನಲ್ಲಿ ಫಸ್ಟ್ ಗೇರ್ ಹಾಕಿ ಕ್ಲಚ್ ಒತ್ತಿ ನಿಂತರೆ, ಸ್ವಲ್ಪ ಹೊತ್ತಿಗೆ ಗಾಡಿ ತಾನಾಗಿ ಮುಂದೆ ಜಗ್ಗುತ್ತದೆ. ರಿವರ್ಸ್ ಹಾಕುವಾಗ ಕರಕರ ಸದ್ದು. ಪೆಡಲನ್ನು ಎರಡು ಮೂರು ಸಲ ಬೇಗ ಬೇಗ ತುಳಿದರೆ ಸರಿಹೋಗುತ್ತದೆ. ಎಲ್ಲೂ ಆಯಿಲ್ ಸೋರಿಲ್ಲ. ಗ್ಯಾರೇಜಿನವರು ಕ್ಲಚ್ ಪ್ಲೇಟ್ ಸೆಟ್ ಪೂರ್ತಿ ಬದಲಿಸಿ ಅನ್ನುತ್ತಿದ್ದಾರೆ. ಬದಲಿಸಲೇಬೇಕೇ?
— ಒಬ್ಬ ಓದುಗರು, ಡೊಂಬಿವಲಿ

ಉತ್ತರ: ಈಗಲೇ ಪ್ಲೇಟ್ ಸೆಟ್ಟಿಗೆ ಹಣ ಹಾಕಬೇಡಿ. ಪ್ಲೇಟ್ ಸವೆದರೆ ಕ್ಲಚ್ ಹಿಡಿಯುವುದಿಲ್ಲ. ಆಕ್ಸಿಲರೇಟರ್ ಒತ್ತಿದರೆ ಎಂಜಿನ್ ಕೂಗುತ್ತದೆಯೇ ಹೊರತು ವೇಗ ಏರುವುದಿಲ್ಲ, ಘಾಟಿಯಲ್ಲಿ ಸುಟ್ಟ ವಾಸನೆ ಬರುತ್ತದೆ. ನಿಮ್ಮ ತೊಂದರೆ ಇದಕ್ಕೆ ತದ್ವಿರುದ್ಧ. ನಿಮ್ಮ ಕ್ಲಚ್ ಪೂರ್ತಿ ಬಿಡುತ್ತಿಲ್ಲ. ಪಂಪ್ ಮಾಡಿದಾಗ ಸರಿಹೋಗುತ್ತದೆ ಎಂದರೆ ದೋಷ ಆಯಿಲ್ ಒತ್ತಡದ ದಾರಿಯಲ್ಲಿದೆ.

ಮಾಸ್ಟರ್ ಸಿಲಿಂಡರಿನ ಪಿಸ್ಟನ್ನಿಗೆ ಬಟ್ಟಲಿನಾಕಾರದ ರಬ್ಬರ್ ಸೀಲ್ ಇರುತ್ತದೆ. ಅದರ ಅಂಚು ಸವೆದರೆ, ಅಥವಾ ಸಿಲಿಂಡರಿನ ಒಳಗೋಡೆಯಲ್ಲಿ ತುಕ್ಕಿನ ಕುಳಿಗಳಾದರೆ, ಒತ್ತಿದ ಆಯಿಲ್ ಸ್ಲೇವ್ ಕಡೆ ಹೋಗದೆ ಸೀಲನ್ನು ದಾಟಿ ಮೇಲಿನ ಆಯಿಲ್ ಡಬ್ಬಿಗೇ ಮರಳುತ್ತದೆ. ಹೊರಗೆ ಸೋರಿಕೆ ಕಾಣದಿರುವುದೂ ಡಬ್ಬಿಯ ಮಟ್ಟ ಇಳಿಯದಿರುವುದೂ ಅದಕ್ಕೇ. ಬೇಗ ತುಳಿದಾಗ ರಬ್ಬರ್ ಅಗಲಗೊಂಡು ಗೋಡೆಗೆ ಒತ್ತಿಕೊಳ್ಳುತ್ತದೆ, ನಿಧಾನ ತುಳಿದಾಗ ಒತ್ತಿಕೊಳ್ಳುವುದಿಲ್ಲ. ಆದ್ದರಿಂದ ಪರೀಕ್ಷೆಯನ್ನು ನಿಧಾನವಾಗಿಯೇ ಮಾಡಬೇಕು. ಹ್ಯಾಂಡ್‌ಬ್ರೇಕ್ ಎಳೆದು ನ್ಯೂಟ್ರಲ್‌ನಲ್ಲಿಟ್ಟು, ಪೆಡಲನ್ನು ಮೆಲ್ಲಗೆ ಮುಕ್ಕಾಲು ಭಾಗ ಒತ್ತಿ ಒಂದು ನಿಮಿಷ ಹಾಗೇ ಹಿಡಿಯಿರಿ. ಪಾದದ ಕೆಳಗೆ ಅದು ಜಾರುತ್ತಾ ಹೋದರೆ ಒತ್ತಡ ಎಲ್ಲೋ ಕಳೆದುಹೋಗುತ್ತಿದೆ.

ಆಮೇಲೆ ಅಪ್ಪರೋ ಲೋವರೋ ಎಂದು ನೋಡಬೇಕು. ಪೆಡಲ್ ಮೇಲ್ಗಡೆ ಪುಶ್‌ರಾಡ್ (ಪಿಸ್ಟನ್ನನ್ನು ತಳ್ಳುವ ಕಡ್ಡಿ) ಫೈರ್‌ವಾಲ್ (ಎಂಜಿನ್ನಿಗೂ ಕ್ಯಾಬಿನ್ನಿಗೂ ನಡುವಿನ ತಗಡಿನ ಗೋಡೆ) ಒಳಹೊಗುವ ಜಾಗವನ್ನು ಬೆರಳಿನಿಂದ ಮುಟ್ಟಿ. ಒದ್ದೆಯಾಗಿದ್ದರೆ ಅಪ್ಪರ್ ಹೋಗಿದೆ. ಸ್ಲೇವ್ ಸಿಲಿಂಡರಿನ ರಬ್ಬರ್ ಬೂಟ್ ಅಂಚನ್ನು ಎತ್ತಿ. ಆಯಿಲ್ ಇಳಿದರೆ ಲೋವರ್. ಎರಡೂ ಒಣಗಿದ್ದರೆ ಸ್ಲೇವಿಗೆ ಹೋಗುವ ರಬ್ಬರ್ ಹೋಸನ್ನು ಹೋಸ್ ಕ್ಲ್ಯಾಂಪಿನಿಂದ ಮೃದುವಾಗಿ ಅದುಮಿ ಪೆಡಲ್ ಒತ್ತಿ. ಆಗಲೂ ಜಾರಿದರೆ ಮಾಸ್ಟರ್ ಸಿಲಿಂಡರ್ ಕೆಟ್ಟಿದೆ, ಕಲ್ಲಿನಂತೆ ಗಟ್ಟಿಯಾದರೆ ದೋಷ ಕೆಳಗಿದೆ. ಉಕ್ಕಿನ ಅಥವಾ ಪ್ಲಾಸ್ಟಿಕ್ ಪೈಪನ್ನು ಮಾತ್ರ ಎಂದೂ ಅದುಮಬೇಡಿ. ಕೆಲವು ಕಾರುಗಳಲ್ಲಿ ಸ್ಲೇವ್ ಗೇರ್‌ಬಾಕ್ಸ್ ಒಳಗೇ ಬೇರಿಂಗಿನ ಜೊತೆ ಕೂತಿರುತ್ತದೆ. ಅದು ಸೋರಿದರೆ ಗೇರ್‌ಬಾಕ್ಸ್ ಇಳಿಸಲೇಬೇಕು, ಆಗ ಪ್ಲೇಟ್ ಸೆಟ್ಟನ್ನೂ ನೋಡಿಬಿಡುವುದು ನ್ಯಾಯ.

ಇಷ್ಟೆಲ್ಲಕ್ಕಿಂತ ಮೊದಲು ಪೆಡಲ್ ಕೆಳಗೆ ದಪ್ಪ ಮ್ಯಾಟ್ ಮಡಚಿ ಕೂತಿಲ್ಲ ಎಂದು ಖಚಿತಪಡಿಸಿಕೊಳ್ಳಿ.

ಪ್ರಶ್ನೆ: ಮಾಸ್ಟರ್ ಸಿಲಿಂಡರೇ ಹೋಗಿದೆ ಎಂದು ಗೊತ್ತಾಗಿದೆ. ನಮ್ಮ ಸೊಸೈಟಿಯ ಪಾರ್ಕಿಂಗಿನಲ್ಲಿ ರವಿವಾರ ನಾನೇ ಬದಲಿಸಬಹುದೇ? ಏನೇನು ಬೇಕು?
— ಒಬ್ಬ ಓದುಗರು, ಪಿಂಪ್ರಿ-ಚಿಂಚವಡ

ಉತ್ತರ: ಬದಲಿಸಬಹುದು. ಬಿಚ್ಚುವುದು ಎರಡು ನಟ್ಟು, ಒಂದು ಪೈಪು, ಒಂದು ಪಿನ್ನು. ಹೊತ್ತು ಹಿಡಿಯುವುದು ಡ್ಯಾಶ್‌ಬೋರ್ಡಿನ ಕೆಳಗೆ ತಲೆ ತೂರಿಸುವುದಕ್ಕೆ ಮತ್ತು ಆಯಿಲ್ ಲೈನಿಗೆ ಸೇರಿದ ಏರ್, ಅಂದರೆ ಗಾಳಿ ತೆಗೆಯುವುದಕ್ಕೆ. ಗಾಡಿ ಇನ್ನೂ ವಾರಂಟಿಯಲ್ಲಿದ್ದರೆ ಕೈ ಹಾಕಬೇಡಿ.

ಮೊದಲು ಸರಿಯಾದ ಬಿಡಿಭಾಗ. ಅಂಗಡಿಗೆ ಚಾಸಿ ನಂಬರ್ ಬರೆದುಕೊಂಡು ಹೋಗಿ. ಪುಣೆಯ ನಾನಾ ಪೇಠೆಯಲ್ಲಿ ಕೊಂಡರೂ ಮುಂಬೈಯ ಆಪೆರಾ ಹೌಸ್ ಕಡೆ ಕೊಂಡರೂ, ಹಳೆಯ ಸಿಲಿಂಡರಿನ ಮೈಮೇಲೆ ಅಚ್ಚೊತ್ತಿದ ಬೋರ್ (ಒಳವ್ಯಾಸ) ಅಳತೆ ಹೊಸದರ ಮೇಲೂ ಅದೇ ಇದೆಯೇ ನೋಡಿ. 5/8 ಇಂಚು, ಅಂದರೆ 15.87 ಮಿಮೀ, ಬಹಳ ಗಾಡಿಗಳಲ್ಲಿ ಸಿಗುವ ಅಳತೆ. ಬೋರ್ ಹೆಚ್ಚಾದರೆ ಪೆಡಲ್ ಭಾರ. ಕಡಿಮೆಯಾದರೆ ಪೆಡಲ್ ಹಗುರಾಗುತ್ತದೆ, ಆದರೆ ಸ್ಲೇವಿಗೆ ಹೋಗುವ ಆಯಿಲ್ ಸಾಲದೆ ಕ್ಲಚ್ ಪೂರ್ತಿ ಬಿಡುವುದಿಲ್ಲ. ಹೊಸ ಸಿಲಿಂಡರ್ ಹಾಕಿದ ಮೇಲೂ ಹಳೆಯ ರೋಗವೇ ಉಳಿಯುತ್ತದೆ.

ಉಳಿದಂತೆ 10, 12, 13ರ ರಿಂಗ್ ಸ್ಪ್ಯಾನರ್ ಮತ್ತು ಸಾಕೆಟ್, ಉದ್ದ ಎಕ್ಸ್‌ಟೆನ್ಶನ್, ಪಕ್ಕಡ್, ದೊಡ್ಡ ಸಿರಿಂಜ್, ಬ್ಲೀಡ್ ನಿಪ್ಪಲ್ (ಸ್ಲೇವಿನಲ್ಲಿ ಏರ್ ಹೊರಬಿಡುವ ಸಣ್ಣ ಸ್ಕ್ರೂ) ಮೇಲೆ ಬಿಗಿಯಾಗಿ ಕೂರುವ ಪಾರದರ್ಶಕ ಟ್ಯೂಬ್, ಹೊಸ ಸ್ಪ್ಲಿಟ್ ಪಿನ್, ಸೀಲ್ ಒಡೆಯದ 500 ಮಿಲಿ ಡಾಟ್ 4 ದರ್ಜೆಯ ಬ್ರೇಕ್ ಆಯಿಲ್ ಬಾಟಲಿ. ಪೈಪ್ ನಟ್ಟಿಗೆ ಫ್ಲೇರ್ ಸ್ಪ್ಯಾನರ್ ಬೇಕೇ ಬೇಕು. ಅದು ಒಂದು ಕಡೆ ಸೀಳಿದ ರಿಂಗ್, ನಟ್ಟನ್ನು ಸುತ್ತಲೂ ಹಿಡಿಯುತ್ತದೆ. ಕೈಗವಸು, ಕಣ್ಣಿಗೆ ಕನ್ನಡಕ, ಪಕ್ಕದಲ್ಲಿ ಒಂದು ಬಕೆಟ್ ನೀರು. ನೀರು ಯಾಕೆಂದರೆ ಬ್ರೇಕ್ ಆಯಿಲ್ ಪೇಂಟನ್ನು ತಿನ್ನುತ್ತದೆ. ಬಿದ್ದರೆ ಒರೆಸಿ ಹರಡಬೇಡಿ, ಕೂಡಲೇ ನೀರು ಸುರಿದು ತೊಳೆಯಿರಿ.

ಸಮತಟ್ಟು ಜಾಗ ಆರಿಸಿ ಚಕ್ರಕ್ಕೆ ಅಡ್ಡ ಕೊಡಿ. ಬ್ಯಾಟರಿಯ ನೆಗೆಟಿವ್ ಬಿಚ್ಚಿ. ಸಿರಿಂಜಿನಿಂದ ಡಬ್ಬಿಯ ಆಯಿಲ್ ಹೀರಿ ತೆಗೆಯಿರಿ. ಇಲ್ಲೊಂದು ಎಚ್ಚರ: ಕೆಲವು ಕಾರುಗಳಲ್ಲಿ ಕ್ಲಚ್ಚಿಗೂ ಬ್ರೇಕಿಗೂ ಡಬ್ಬಿ ಒಂದೇ. ಅಂಥದರಲ್ಲಿ ಕ್ಲಚ್ಚಿಗೆ ಹೋಗುವ ಹೋಸ್ ಡಬ್ಬಿಯಲ್ಲಿ ಮೇಲ್ಗಡೆ ಇರುತ್ತದೆ. ಮಟ್ಟವನ್ನು ಆ ಬಾಯಿಗಿಂತ ತುಸು ಕೆಳಗಿಳಿಸಿದರೆ ಸಾಕು, ಪೂರ್ತಿ ಬರಿದು ಮಾಡಬೇಡಿ. ಬ್ರೇಕ್ ಲೈನಿಗೆ ಏರ್ ಹೊಕ್ಕರೆ, ಅದರಲ್ಲೂ ಎಬಿಎಸ್ ಗಾಡಿಯಲ್ಲಿ, ಅದು ಮನೆಯಲ್ಲಿ ಮುಗಿಯುವ ಕೆಲಸವಲ್ಲ.

ಬಾನೆಟ್ ಕಡೆಯಿಂದ ಪೈಪ್ ನಟ್ ಸಡಿಲಿಸಿ. ನಟ್ಟಿನ ಬದಲು ಕ್ಲಿಪ್ ಇದ್ದರೆ ಅದನ್ನು ಮೇಲಕ್ಕೆ ಎಳೆದು ಪೈಪ್ ಬಿಡಿಸಿ, ಅದರ ಓ-ರಿಂಗನ್ನು ಹೊಸದಾಗಿಸಿ. ಒಳಗಡೆ ಪೆಡಲಿನಿಂದ ಸ್ಪ್ಲಿಟ್ ಪಿನ್, ಆಮೇಲೆ ಪುಶ್‌ರಾಡಿನ ತುದಿಯ ಕವೆಯನ್ನು (ಕ್ಲೆವಿಸ್) ಪೆಡಲಿಗೆ ಜೋಡಿಸುವ ಕ್ಲೆವಿಸ್ ಪಿನ್ ತೆಗೆಯಿರಿ. ಪುಶ್‌ರಾಡಿನ ಲಾಕ್‌ನಟ್ಟಿನಿಂದ ಕ್ಲೆವಿಸ್ಸಿನ ತೂತಿನ ಮಧ್ಯದವರೆಗೆ ಎಷ್ಟು ಉದ್ದವಿದೆ ಎಂದು ಅಳೆದು ಬರೆದಿಡಿ, ಹೊಸದನ್ನೂ ಅಷ್ಟಕ್ಕೇ ಹೊಂದಿಸಬೇಕು. ಫೈರ್‌ವಾಲಿನ ಎರಡು ನಟ್ ಬಿಚ್ಚಿದರೆ ಸಿಲಿಂಡರ್ ಬಾನೆಟ್ ಕಡೆಗೆ ಹೊರಬರುತ್ತದೆ. ಪಿನ್ ಮತ್ತು ಅದರ ಬುಶ್ ಸವೆದು ಅಂಡಾಕಾರವಾಗಿದ್ದರೆ ಅವನ್ನೂ ಬದಲಿಸಿ. ಪೆಡಲಿನ ಓಟದಲ್ಲಿ ಒಂದು ಪಾಲು ಅಲ್ಲೇ ವ್ಯರ್ಥವಾಗುತ್ತದೆ.

ಹೊಸ ಸಿಲಿಂಡರನ್ನು ಒಣಗಿದ್ದಂತೆಯೇ ಕೂರಿಸಬೇಡಿ. ಮೊದಲು ಅದರೊಳಗೆ ಆಯಿಲ್ ತುಂಬಿ, ಸಮತಲವಾಗಿ ಹಿಡಿದು, ಮೊಂಡ ಕಡ್ಡಿಯಿಂದ ಪಿಸ್ಟನ್ನನ್ನು ನಿಧಾನ ಒತ್ತಿ. ಬಿಡುವಾಗ ಪೈಪಿನ ತೂತಿಗೆ ಬೆರಳು ಅಡ್ಡ ಇಡಿ. ಗುಳ್ಳೆ ನಿಲ್ಲುವವರೆಗೆ ಹೀಗೆ ಮಾಡಿದರೆ ಮುಂದಿನ ಅರ್ಧ ಗೋಳು ತಪ್ಪುತ್ತದೆ.

ಕೂರಿಸುವ ಕ್ರಮದಲ್ಲೂ ಒಂದು ಕಿವಿಮಾತು. ಸಿಲಿಂಡರ್ ಇನ್ನೂ ಅಲುಗಾಡುತ್ತಿರುವಾಗಲೇ ಪೈಪ್ ನಟ್ಟನ್ನು ಬೆರಳಿನಿಂದ ಮೂರು ನಾಲ್ಕು ಸುತ್ತು ತಿರುಗಿಸಿ ಹತ್ತಿಸಿ. ಆಮೇಲೆ ಫೈರ್‌ವಾಲ್ ನಟ್, ಕೊನೆಗೆ ಪೈಪ್ ನಟ್ ಬಿಗಿ. ಮೊದಲೇ ಸಿಲಿಂಡರ್ ಬಿಗಿ ಮಾಡಿ ಪೈಪನ್ನು ಬಲವಂತವಾಗಿ ತಿರುಗಿಸಿದರೆ ಥ್ರೆಡ್ ಓರೆ ಹತ್ತಿ, ಹೊಸ ಸಿಲಿಂಡರ್ ಅಲ್ಲೇ ಹಾಳಾಗುತ್ತದೆ. ಪೈಪ್ ನಟ್ಟಿಗೆ ಸಾಮಾನ್ಯವಾಗಿ 15 ನ್ಯೂಟನ್ ಮೀಟರ್ ಆಸುಪಾಸು ಸಾಕು, ನಿಮ್ಮ ಗಾಡಿಯ ಸರ್ವಿಸ್ ಮ್ಯಾನ್ಯುಯಲ್ ಹೇಳುವುದೇ ಕೊನೆಯ ಮಾತು.

ಪೆಡಲನ್ನು ಬೆರಳಿನಿಂದ ಒತ್ತಿದರೆ ಪುಶ್‌ರಾಡ್ ಪಿಸ್ಟನ್ನಿಗೆ ತಾಗುವ ಮುನ್ನ ತುಸು ಸಡಿಲು ಸಿಗಬೇಕು. ಬಹಳ ಗಾಡಿಗಳಲ್ಲಿ ಇದು ಪೆಡಲಿನ ತುದಿಯಲ್ಲಿ 1ರಿಂದ 5 ಮಿಮೀ. ಸಡಿಲು ಇಲ್ಲದಿದ್ದರೆ ಪಿಸ್ಟನ್ ಪೂರ್ತಿ ಹಿಂದಕ್ಕೆ ಬರದೆ, ಆಯಿಲ್ ಡಬ್ಬಿಗೆ ಮರಳುವ ಸಣ್ಣ ತೂತು ಮುಚ್ಚಿಯೇ ಇರುತ್ತದೆ. ಎಂಜಿನ್ ಕಾದಂತೆ ಲೈನಿನಲ್ಲಿ ಒತ್ತಡ ಉಳಿದು ಕ್ಲಚ್ ಜಾರಿ ಪ್ಲೇಟ್ ಸುಡುತ್ತದೆ. ಅಪ್ಪರ್ ಬದಲಿಸಿದ ಕೆಲ ದಿನಕ್ಕೇ ಪ್ಲೇಟ್ ಹೋಯಿತು ಎಂಬ ದೂರು ಬಂದಾಗ ಮೊದಲು ನೋಡಬೇಕಾದ ಜಾಗ ಇದು.

ಪ್ರಶ್ನೆ: ಹೊಸ ಸಿಲಿಂಡರ್ ಹಾಕಿ ಎಷ್ಟು ಪಂಪ್ ಮಾಡಿದರೂ ಪೆಡಲ್ ಮೇಲೇಳುತ್ತಿಲ್ಲ. ಸಿಲಿಂಡರೇ ಡುಪ್ಲಿಕೇಟ್ ಇರಬಹುದೇ?
— ಒಬ್ಬ ಓದುಗರು, ಹಡಪಸರ

ಉತ್ತರ: ಇರಬಹುದು, ಆದರೆ ಅದಕ್ಕಿಂತ ಮೊದಲು ಏರ್ ಮೇಲೆ ಅನುಮಾನಪಡಿ. ಖಾಲಿ ಲೈನಿನಲ್ಲಿ ಪೆಡಲ್ ನೆಲಕ್ಕೆ ಕೂರುವುದು ಸಹಜ. ಮೊದಮೊದಲು ಅದನ್ನು ಕೈಯಿಂದಲೇ ಮೇಲಕ್ಕೆತ್ತಬೇಕು. ರಭಸದಿಂದ ಪಂಪ್ ಮಾಡಿದರೆ ಆಯಿಲ್ ನೊರೆಗಟ್ಟಿ ಗುಳ್ಳೆಗಳು ಇನ್ನೂ ಸಣ್ಣದಾಗುತ್ತವೆ, ಹೊರಬರುವುದು ಇನ್ನೂ ಕಷ್ಟ.

ಕ್ರಮ ಹೀಗೆ. ಟ್ಯೂಬಿನ ಒಂದು ತುದಿ ಸ್ಲೇವಿನ ಬ್ಲೀಡ್ ನಿಪ್ಪಲ್ ಮೇಲೆ, ಇನ್ನೊಂದು ತುದಿ ಬಾಟಲಿಯ ಆಯಿಲಿನೊಳಗೆ ಮುಳುಗಿರಲಿ. ಒಳಗೆ ಕೂತವರು ಪೆಡಲನ್ನು ನಿಧಾನ ಒತ್ತಿ ಹಿಡಿದು ‘ಒತ್ತಿದೆ’ ಎನ್ನಬೇಕು. ನೀವು ನಿಪ್ಪಲನ್ನು ಅರ್ಧ ಸುತ್ತು ಬಿಡಿಸಿ, ಹರಿವು ನಿಲ್ಲುವ ಮುನ್ನವೇ ಮುಚ್ಚಿ ‘ಬಿಡಿ’ ಎನ್ನಬೇಕು. ಮುಚ್ಚದೆ ಕಾಲೆತ್ತಿದರೆ ಹೊರಗಿನ ಗಾಳಿಯನ್ನೇ ಒಳಗೆಳೆದುಕೊಂಡಂತೆ. ನಾಲ್ಕೈದು ಸಲಕ್ಕೊಮ್ಮೆ ಡಬ್ಬಿ ತುಂಬಿಸಿ, ಅದು ಒಮ್ಮೆ ಬರಿದಾದರೆ ಮೊದಲಿನಿಂದ ಶುರು.

ಇಷ್ಟಾದರೂ ಬಾರದಿದ್ದರೆ ತಲೆಕೆಳಗು ವಿಧಾನ ನಮ್ಮ ಮೆಚ್ಚಿನದು. ಗಾಳಿ ಮೇಲಕ್ಕೇರುವುದು ಅದರ ಸ್ವಭಾವ, ಅದನ್ನು ಕೆಳಕ್ಕೆ ಎಳೆಯುವ ಬದಲು ಮೇಲಕ್ಕೇ ಕಳಿಸಬಹುದು. ಡಬ್ಬಿಯಿಂದ ಸ್ವಲ್ಪ ಆಯಿಲ್ ತೆಗೆದು ಜಾಗ ಮಾಡಿ, ಹೊಸ ಆಯಿಲ್ ತುಂಬಿದ ಸಿರಿಂಜನ್ನು ನಿಪ್ಪಲ್ಲಿಗೆ ಜೋಡಿಸಿ ಮೆಲ್ಲಗೆ ಒತ್ತಿ. ಗುಳ್ಳೆಗಳು ಡಬ್ಬಿಯಲ್ಲಿ ಏಳುವುದು ಕಾಣುತ್ತದೆ. ಸ್ಲೇವ್ ಓರೆಯಾಗಿ ಕೂತ ಗಾಡಿಯಲ್ಲಿ ಏರ್ ಅದರ ಮೂಲೆಯಲ್ಲೇ ಉಳಿಯುತ್ತದೆ. ಆಗ ಸ್ಲೇವಿನ ಬೋಲ್ಟ್ ಬಿಚ್ಚಿ, ನಿಪ್ಪಲ್ ಮೇಲ್ಗಡೆ ಬರುವಂತೆ ಹಿಡಿದು ಸಿರಿಂಜಿನಿಂದಲೇ ಏರ್ ತೆಗೆಯಿರಿ. ಸ್ಲೇವ್ ಬಿಚ್ಚಿದಾಗ ಯಾರೂ ಪೆಡಲ್ ಮುಟ್ಟಕೂಡದು, ಪಿಸ್ಟನ್ ಹೊರಗೆ ಹಾರಿಬಿಡುತ್ತದೆ.

ಪ್ರಶ್ನೆ: ನಮ್ಮ ಮನೆ ಸಮುದ್ರದ ಹತ್ತಿರ. ಪೈಪ್ ನಟ್ ತುಕ್ಕು ಹಿಡಿದು ಸ್ಪ್ಯಾನರ್ ಜಾರುತ್ತಿದೆ.
— ಒಬ್ಬ ಓದುಗರು, ವಾಸ್ಕೊ

ಉತ್ತರ: ಗೋವೆಯ ಉಪ್ಪುಗಾಳಿಗೆ ಇದು ತಪ್ಪದು. ತಂತಿ ಬ್ರಶ್ಶಿನಿಂದ ಉಜ್ಜಿ, ತುಕ್ಕು ಬಿಡಿಸುವ ಸ್ಪ್ರೇ ಹೊಡೆದು ರಾತ್ರಿಯಿಡೀ ಬಿಡಿ. ಮರುದಿನ ಫ್ಲೇರ್ ಸ್ಪ್ಯಾನರ್ ಹಾಕಿ ಮೊದಲು ಕೂದಲೆಳೆಯಷ್ಟು ಬಿಗಿಯ ಕಡೆಗೆ, ಆಮೇಲೆ ಬಿಡಿಸುವ ಕಡೆಗೆ ತಿರುಗಿಸಿ. ಬೆಂಕಿ ತೋರಿಸಬೇಡಿ, ಬ್ರೇಕ್ ಆಯಿಲ್ ಹತ್ತಿಕೊಳ್ಳುತ್ತದೆ. ನಟ್ ಜೊತೆ ಪೈಪೂ ತಿರುಚುತ್ತಿದ್ದರೆ ಅಲ್ಲೇ ನಿಲ್ಲಿಸಿ. ಆ ಪೈಪಿನ ಆಯುಸ್ಸು ಮುಗಿದಿದೆ, ಗಾಡಿಗೆ ತಕ್ಕ ಹೊಸ ಪೈಪ್ ತರಿಸಿ. ಫ್ರಿಜ್ ರಿಪೇರಿಯ ತಾಮ್ರದ ನಳಿಗೆ ಜೋಡಿಸಿಕೊಡುವವರಿದ್ದಾರೆ, ಒಪ್ಪಬೇಡಿ.

ಪ್ರಶ್ನೆ: ಬರೀ ರಬ್ಬರ್ ಕಿಟ್ ಹಾಕಿದರೆ ಸಾಲದೇ? ಅಗ್ಗವಾಗುತ್ತದೆ.
— ಒಬ್ಬ ಓದುಗರು, ಠಾಣೆ

ಉತ್ತರ: ಸಿಲಿಂಡರಿನ ಒಳಗೋಡೆ ನೋಡದೆ ಕಿಟ್ ಕೊಳ್ಳಬೇಡಿ. ಬಿಚ್ಚಿ, ಒರೆಸಿ, ಟಾರ್ಚ್ ಬಿಟ್ಟು ನೋಡಿ. ಉಗುರಿಗೆ ತಡೆಯುವ ಗೀರು ಅಥವಾ ಕುಳಿ ಇದ್ದರೆ ಹೊಸ ರಬ್ಬರನ್ನೂ ಅದು ಬೇಗನೆ ಕೊರೆದುಹಾಕುತ್ತದೆ. ಗೋಡೆ ಕನ್ನಡಿಯಂತಿದ್ದರೆ ಕಿಟ್ ಸಾಕು. ಅಲ್ಯೂಮಿನಿಯಂ ಸಿಲಿಂಡರನ್ನು ಎಮೆರಿ ಕಾಗದದಿಂದ ಉಜ್ಜಿಸಬೇಡಿ, ಮೇಲಿನ ಗಟ್ಟಿ ಪದರ ಹೋಗುತ್ತದೆ. ತೊಳೆಯಲು ಬ್ರೇಕ್ ಆಯಿಲ್ಲೇ ಒಳ್ಳೆಯದು. ಪೆಟ್ರೋಲ್, ಡೀಸೆಲ್, ಸಾದಾ ಗ್ರೀಸ್ ತಾಗಿದರೆ ಈ ರಬ್ಬರ್ ಉಬ್ಬುತ್ತದೆ. ಸೀಲಿನ ತೆರೆದ ಬಾಯಿ ಆಯಿಲ್ ಒತ್ತಡ ಹುಟ್ಟುವ ಕಡೆಗೇ ಇರಬೇಕು. ತಿರುಗಾ ಹಾಕಿದರೆ ಒತ್ತಡವೇ ನಿಲ್ಲದು.

ಪ್ರಶ್ನೆ: ಡಾಟ್ 3 ಬರೆದ ಗಾಡಿಗೆ ಡಾಟ್ 4 ಹಾಕಬಹುದೇ? ಡಾಟ್ 5 ಇನ್ನೂ ಒಳ್ಳೆಯದೇ?
— ಒಬ್ಬ ಓದುಗರು, ವಾಶಿ

ಉತ್ತರ: ಡಾಟ್ 4 ಹಾಕಬಹುದು, ಎರಡೂ ಗ್ಲೈಕಾಲ್ ಜಾತಿಯವೇ. ಡಾಟ್ 5 ಸಿಲಿಕೋನ್, ಅದನ್ನು ಇವುಗಳ ಜೊತೆ ಬೆರೆಸಲೇಬಾರದು. ಹೊಸ ಡಾಟ್ 3 ಕನಿಷ್ಠ 205 ಡಿಗ್ರಿ, ಡಾಟ್ 4 ಕನಿಷ್ಠ 230 ಡಿಗ್ರಿ ಸೆಲ್ಸಿಯಸ್‌ವರೆಗೆ ಕುದಿಯಬಾರದು ಎಂಬುದು ಮಾನದಂಡ. ನೀರು ಹೀರಿದ ಮೇಲೆ ಇದು 140 ಮತ್ತು 155ಕ್ಕೆ ಇಳಿಯುತ್ತದೆ. ಮುಂಬೈಯ ಜೂನ್-ಸೆಪ್ಟೆಂಬರ್ ತೇವದಲ್ಲಿ ಅರ್ಧ ಬಾಟಲಿ ಕಪಾಟಿನಲ್ಲಿಟ್ಟು ಮುಂದಿನ ವರ್ಷ ಬಳಸುವ ಅಭ್ಯಾಸ ಬಿಡಿ. ಎರಡು ವರ್ಷಕ್ಕೊಮ್ಮೆ ಬ್ರೇಕಿನ ಜೊತೆ ಕ್ಲಚ್ ಲೈನಿನ ಆಯಿಲನ್ನೂ ಬದಲಿಸಿ. ಗ್ಯಾರೇಜುಗಳು ಬ್ರೇಕ್ ಬದಲಿಸಿ ಕ್ಲಚ್ಚನ್ನು ಮರೆಯುತ್ತವೆ, ಸಿಲಿಂಡರ್ ಒಳಗೆ ಕುಳಿ ಬೀಳುವುದು ಆ ಹಳೆಯ ಕಪ್ಪು ಆಯಿಲಿನಿಂದಲೇ.

ಪ್ರಶ್ನೆ: ಖಂಡಾಲಾ ಘಾಟಿಯಲ್ಲಿ ಪೆಡಲ್ ಹೋಗಿಬಿಟ್ಟರೆ?
— ಒಬ್ಬ ಓದುಗರು, ಪನವೇಲ

ಉತ್ತರ: ಬೇಗ ಬೇಗ ಪಂಪ್ ಮಾಡಿ ಸಿಕ್ಕ ಒತ್ತಡದಲ್ಲಿ ಗಾಡಿಯನ್ನು ಬದಿಗೆ ತನ್ನಿ, ಹಜಾರ್ಡ್ ಲೈಟ್ ಹಾಕಿ. ಮೊದಲು ಬ್ರೇಕ್ ಪೆಡಲ್ ಗಟ್ಟಿಯಿದೆಯೇ ನೋಡಿ. ಡಬ್ಬಿ ಒಂದೇ ಇರುವ ಗಾಡಿಯಲ್ಲಿ ಇದು ಮುಖ್ಯ. ಮೆತ್ತಗಾಗಿದ್ದರೆ ಟೋ ವ್ಯಾನ್ ಬಿಟ್ಟರೆ ಬೇರೆ ದಾರಿಯಿಲ್ಲ. ಡಬ್ಬಿ ಬರಿದಾಗಿದೆಯೆಂದು ನೀರನ್ನೋ ಎಂಜಿನ್ ಆಯಿಲನ್ನೋ ಸುರಿಯಬೇಡಿ. ಎಂಜಿನ್ ಆಯಿಲ್ ಬಿದ್ದರೆ ಅಪ್ಪರ್, ಲೋವರ್, ಹೋಸ್ ಎಲ್ಲದರ ರಬ್ಬರೂ ಹೋಗುತ್ತದೆ, ಡಬ್ಬಿ ಒಂದೇ ಇದ್ದರೆ ಬ್ರೇಕಿನದೂ.

ಪ್ರಶ್ನೆ: ನನ್ನ ಹಳೆಯ ಆಲ್ಟೊದಲ್ಲಿ ಮಾಸ್ಟರ್ ಸಿಲಿಂಡರ್ ಎಲ್ಲಿದೆ? ಎಷ್ಟು ಹುಡುಕಿದರೂ ಸಿಗುತ್ತಿಲ್ಲ.
— ಒಬ್ಬ ಓದುಗರು, ಫೋಂಡಾ

ಉತ್ತರ: ಇಲ್ಲ, ಅದಕ್ಕೇ ಸಿಗುತ್ತಿಲ್ಲ. ನಿಮ್ಮದು ಕೇಬಲ್ ಕ್ಲಚ್. ಪೆಡಲ್ ಭಾರವಾಗಿದ್ದರೆ ಅಥವಾ ಗೇರ್ ಕರಕರ ಅಂದರೆ ಕೇಬಲ್ ಒಳಗೆ ತುಕ್ಕು ಹಿಡಿದಿದೆಯೇ, ಎಳೆಗಳು ಹರಿಯುತ್ತಿವೆಯೇ ನೋಡಿ. ಚೆನ್ನಾಗಿದ್ದರೆ ಗೇರ್‌ಬಾಕ್ಸ್ ಕಡೆಯ ತುದಿಯ ಅಡ್ಜಸ್ಟಿಂಗ್ ನಟ್ಟಿನಿಂದ ಸಡಿಲು ಹೊಂದಿಸಿ, ಇಲ್ಲವಾದರೆ ಹೊಸ ಕೇಬಲ್ ಹಾಕಿಸಿ.